ಗ್ರ್ಯಾಂಡ್‌ಮಾಸ್ಟರ್‌ಗಳ ವಯಸ್ಸನ್ನಷ್ಟೇ ಎಣಿಸಬೇಡಿ

ಮಾನ್ಯ ಸಂಪಾದಕರೇ,

ಒಂಬತ್ತನೆಯ ತರಗತಿಯಲ್ಲಿ ಓದುತ್ತಿರುವ ನನ್ನ ಮೊಮ್ಮಗಳು ಹೋದ ತಿಂಗಳು ಚೆಸ್ ಹಾಸನ್ನು ಸುರುಳಿ ಸುತ್ತಿ ಅಟ್ಟದ ಮೇಲೆ ಇಟ್ಟುಬಿಟ್ಟಳು. ಯಾಕಮ್ಮ ಎಂದು ಕೇಳಿದೆ. ‘ಅಜ್ಜಿ, ನನಗೆ ಹದಿನಾಲ್ಕು ತುಂಬಿತು. ಗುಕೇಶ್ ಹನ್ನೆರಡಕ್ಕೇ ಗ್ರ್ಯಾಂಡ್‌ಮಾಸ್ಟರ್ ಆಗಿದ್ದರು. ಇನ್ನು ಆಡಿ ಏನು ಮಾಡಲಿ?’ ಎಂದಳು. ವಿಶ್ವ ಚಾಂಪಿಯನ್ ಪಟ್ಟ ಬಿಟ್ಟರೆ ಚೆಸ್‌ನಲ್ಲಿ ಅತಿ ದೊಡ್ಡ ಪಟ್ಟ ಅದು. ಮನೆಯಲ್ಲಿ ಯಾರೂ ಅವಳನ್ನು ಗದರಿದವರಲ್ಲ. ಈ ಲೆಕ್ಕವನ್ನು ಅವಳು ಕಲಿತದ್ದು ಪತ್ರಿಕೆ ಓದಿ. ಅವಳ ಕೋಣೆಯ ಗೋಡೆಯ ಮೇಲೆ ಪತ್ರಿಕೆಗಳಿಂದ ಕತ್ತರಿಸಿ ಅಂಟಿಸಿದ ಚೆಸ್ ಸುದ್ದಿಗಳಿವೆ. ಒಂದೊಂದನ್ನೇ ಓದುತ್ತಾ ಹೋದೆ. ಹೆಚ್ಚಿನವುಗಳ ತಲೆಬರಹದಲ್ಲಿ ಆಟಗಾರರ ಹೆಸರಿಗಿಂತ ಮೊದಲು ಅವರ ವಯಸ್ಸಿದೆ, ಅದರ ಕೆಳಗೆ ಬಹುಮಾನದ ಮೊತ್ತವಿದೆ. ಆಟ ಮಾತ್ರ ಎಲ್ಲಿಯೂ ಇಲ್ಲ.

ನಾನು ನಿವೃತ್ತ ಗಣಿತ ಶಿಕ್ಷಕಿ. ಅಂಕಿಗಳೊಡನೆಯೇ ಬದುಕಿದವಳು. ಅದಕ್ಕಾಗಿಯೇ ಈ ಅಂಕಿಗಳನ್ನು ಇನ್ನೊಂದು ಬಗೆಯಲ್ಲಿಯೂ ಓದಬಹುದು ಎಂದು ತಮಗೆ ಬರೆಯುತ್ತಿದ್ದೇನೆ.

ಗುಕೇಶ್ ಅವರನ್ನೇ ತೆಗೆದುಕೊಳ್ಳಿ. 2019ರ ಜನವರಿಯಲ್ಲಿ ಗ್ರ್ಯಾಂಡ್‌ಮಾಸ್ಟರ್ ಆದಾಗ ಅವರಿಗೆ 12 ವರ್ಷ 7 ತಿಂಗಳು 17 ದಿನ. ಅತಿ ಕಿರಿಯ ವಯಸ್ಸಿನಲ್ಲಿ ಆ ಪಟ್ಟ ಪಡೆದ ಆಗಿನ ದಾಖಲೆ ಸೆರ್ಗೈ ಕರ್ಯಾಕಿನ್ ಅವರದು, 12 ವರ್ಷ 7 ತಿಂಗಳು. ಅಂದರೆ ಗುಕೇಶ್ 17 ದಿನ ತಡವಾದರು. 2021ರಲ್ಲಿ ಅಭಿಮನ್ಯು ಮಿಶ್ರಾ ಆ ದಾಖಲೆಯನ್ನೂ ಮುರಿದರು. ಆದರೆ 2016ರಲ್ಲಿ ವಿಶ್ವ ಚಾಂಪಿಯನ್ ಪಟ್ಟಕ್ಕಾಗಿ ಆಡಿದ ಕರ್ಯಾಕಿನ್ ಆಗಿನ ಚಾಂಪಿಯನ್ ಕಾರ್ಲ್‌ಸನ್ ಎದುರು ಸೋತರು. 17 ದಿನ ತಡವಾದ ಗುಕೇಶ್ 2024ರಲ್ಲಿ ಆ ಪಟ್ಟವನ್ನು ಗೆದ್ದರು.

ಗೆದ್ದ ಬಗೆಯನ್ನಾದರೂ ಮಕ್ಕಳಿಗೆ ಹೇಳಿದೆವೆಯೇ? ಸಿಂಗಪುರದಲ್ಲಿ ಮೊದಲ ಆಟವನ್ನೇ ಅವರು ಆಗಿನ ವಿಶ್ವ ಚಾಂಪಿಯನ್, ಚೀನಾದ ಡಿಂಗ್ ಲಿರೆನ್ ಅವರಿಗೆ ಸೋತಿದ್ದರು. ಮೂರನೆಯದನ್ನು ಗೆದ್ದು ಸಮ ಮಾಡಿಕೊಂಡರು. ಹನ್ನೊಂದನೆಯದನ್ನು ಗೆದ್ದು ಮುಂದೆ ಹೋದರೆ, ಹನ್ನೆರಡನೆಯದನ್ನು ಸೋತು ಮತ್ತೆ ಸಮಕ್ಕೆ ಬಂದರು. ಡಿಸೆಂಬರ್ 12ರಂದು ಕೊನೆಯ, ಹದಿನಾಲ್ಕನೆಯ ಆಟಕ್ಕೆ ಕುಳಿತಾಗ ಇಬ್ಬರಿಗೂ ಆರೂವರೆ ಅಂಕ. ಆಟ ಡ್ರಾ ಆದರೆ ಟೈಬ್ರೇಕ್, ಅಂದರೆ ಕಡಿಮೆ ಸಮಯದ ನಿರ್ಣಾಯಕ ಆಟಗಳು. ಡ್ರಾ ಆಗುವಂತೆಯೇ ಕಾಣುತ್ತಿತ್ತು. ಗುಕೇಶ್ ಬಳಿ ಇದ್ದದ್ದು ಒಂದೇ ಒಂದು ಹೆಚ್ಚಿನ ಕಾಲಾಳು. ಅಷ್ಟನ್ನೇ ಹಿಡಿದುಕೊಂಡು ಅವರು ಗಂಟೆಗಟ್ಟಲೆ ಆಡಿದರು. 55ನೆಯ ನಡೆಯಲ್ಲಿ ಡಿಂಗ್ ತಮ್ಮ ಆನೆಯನ್ನು ತಪ್ಪು ಮನೆಗೆ ತಂದಿಟ್ಟರು. ಆನೆಗಳು ಪರಸ್ಪರ ಹೊಡೆದುಹೋದವು, ಮರುನಡೆಯಲ್ಲೇ ಗುಕೇಶ್ ಒಂಟೆಗಳನ್ನೂ ವಿನಿಮಯಕ್ಕೆ ಒಡ್ಡಿದರು. ರಾಜರು ಮತ್ತು ಕಾಲಾಳುಗಳಷ್ಟೇ ಉಳಿಯುವ ಆಟದಲ್ಲಿ ಆ ಒಂದು ಕಾಲಾಳು ಪಟ್ಟಕ್ಕೆ ಸಾಕಾಯಿತು. 58ನೆಯ ನಡೆಗೆ ಆಟ ಮುಗಿಯಿತು. ಇದನ್ನು ಮೊಮ್ಮಗಳಿಗೆ ಕಾಯಿ ನಡೆಸಿ ತೋರಿಸಿದ ದಿನ ಅವಳು ಊಟಕ್ಕೂ ಏಳಲಿಲ್ಲ. ‘ಹದಿನೆಂಟರ ಪೋರ’ ಎಂಬ ತಲೆಬರಹದಿಂದ ಅವಳಿಗೆ ಸಿಕ್ಕಿದ್ದು ನಿರಾಸೆಯೊಂದೇ.

ಒಂದೇ ಮನೆಯ ಇಬ್ಬರ ಕತೆಯನ್ನೂ ನೋಡಿ. ಪ್ರಜ್ಞಾನಂದ 2018ರಲ್ಲಿ, ಹನ್ನೆರಡನೆಯ ವಯಸ್ಸಿನಲ್ಲಿ ಗ್ರ್ಯಾಂಡ್‌ಮಾಸ್ಟರ್ ಆದರು. ಅಕ್ಕ ವೈಶಾಲಿ ಆದದ್ದು 2023ರಲ್ಲಿ, ಇಪ್ಪತ್ತೆರಡಕ್ಕೆ. ತಮ್ಮನ ಹೆಸರನ್ನು ದೇಶವೇ ಕೊಂಡಾಡುತ್ತಿದ್ದ ಆ ಐದು ವರ್ಷ ಅಕ್ಕ ಅಭ್ಯಾಸ ನಿಲ್ಲಿಸಲಿಲ್ಲವಲ್ಲ, ನನ್ನ ಪಾಲಿಗೆ ಅದೇ ದೊಡ್ಡ ಸುದ್ದಿ. ಮಹಿಳೆಯರ ಗ್ರ್ಯಾಂಡ್ ಸ್ವಿಸ್ ಟೂರ್ನಿಯನ್ನು ಅವರು 2023ರಲ್ಲಿ ಗೆದ್ದರು, 2025ರಲ್ಲಿ ಮತ್ತೆ ಗೆದ್ದರು. ಆಟಗಾರ್ತಿ ಕೊನೇರು ಹಂಪಿ ಅವರದು ಇದಕ್ಕೆ ತಿರುವುಮುರುವು. 2002ರಲ್ಲಿ ಹದಿನೈದರ ಹುಡುಗಿಯಾಗಿ ಗ್ರ್ಯಾಂಡ್‌ಮಾಸ್ಟರ್ ಆದವರು, ಮಗಳು ಹುಟ್ಟಿದಾಗ ಆಟದಿಂದ ದೂರ ಉಳಿದು, ಮರಳಿ ಬಂದು 2019ರಲ್ಲಿಯೂ 2024ರಲ್ಲಿಯೂ ವೇಗದ ಆಟದಲ್ಲಿ ಮಹಿಳಾ ವಿಶ್ವ ರ‍್ಯಾಪಿಡ್ ಚಾಂಪಿಯನ್ ಆದರು. 2025ರ ಮಹಿಳಾ ವಿಶ್ವಕಪ್ ಫೈನಲ್‌ನಲ್ಲಿ ಅವರಿಗೆ 38, ಎದುರಿಗಿದ್ದ ದಿವ್ಯಾ ದೇಶಮುಖ್ ಅವರಿಗೆ ಸರಿಯಾಗಿ ಅರ್ಧ, 19. ದಿವ್ಯಾ ಟೈಬ್ರೇಕ್‌ನಲ್ಲಿ ಗೆದ್ದರು. ಇಬ್ಬರೂ ಒಂದೇ ಮೇಜಿಗೆ ಬಂದು ತಲುಪಿದ್ದರು ಎಂಬುದನ್ನು ಬರೆದವರು ಕಡಿಮೆ.

ಇನ್ನು ನಮ್ಮ ಊರಿಗೇ ಬರೋಣ. ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಮೈಸೂರಿನ ಎಂ.ಎಸ್. ತೇಜ್‌ಕುಮಾರ್ ಎಂಬುದು ಈ ಊರಿನ ಎಷ್ಟು ಶಾಲೆಗಳಿಗೆ ಗೊತ್ತಿದೆ? ರೈಲ್ವೆ ಉದ್ಯೋಗಿಯಾಗಿದ್ದ ಅವರಿಗೆ ಆ ಪಟ್ಟ ಬಂದದ್ದು 2017ರಲ್ಲಿ, 36ರ ವಯಸ್ಸಿನಲ್ಲಿ. ಜೊತೆಯವರು ಆಟ ಬಿಟ್ಟು ಸಂಸಾರ, ಬಡ್ತಿ ಎಂದು ನೆಲೆ ನಿಲ್ಲುವ ವಯಸ್ಸು ಅದು. ಎರಡು ವರ್ಷಗಳ ಬಳಿಕ, 2019ರಲ್ಲಿ, ಮೈಸೂರಿನವರೇ ಆದ ಗಿರೀಶ್ ಕೌಶಿಕ್ ಕೂಡ ಗ್ರ್ಯಾಂಡ್‌ಮಾಸ್ಟರ್ ಆದರು. ದೇಶದ ಮೂರನೆಯ ಗ್ರ್ಯಾಂಡ್‌ಮಾಸ್ಟರ್ ಪ್ರವೀಣ್ ತಿಪ್ಸೆ ಅವರಿಗೂ 1997ರಲ್ಲಿ ಪಟ್ಟ ದಕ್ಕಿದಾಗ ಮೂವತ್ತೈದು ದಾಟಿತ್ತು. ನಮ್ಮ ಮಕ್ಕಳ ಗೋಡೆಯ ಮೇಲೆ ಇವರ ಚಿತ್ರವೂ ಇರಬೇಕಿತ್ತು.

ಈ ಪಟ್ಟ ಒಂದು ಟೂರ್ನಿ ಗೆದ್ದರೆ ಬರುವುದಲ್ಲ ಎಂಬುದನ್ನೂ ಓದುಗರಿಗೆ ಬಿಡಿಸಿ ಹೇಳಬೇಕು. ರೇಟಿಂಗ್, ಅಂದರೆ ಆಟದ ಬಲವನ್ನು ಅಳೆಯುವ ಅಂಕ, ಒಮ್ಮೆಯಾದರೂ 2500 ಮುಟ್ಟಬೇಕು. ಅದರ ಜೊತೆಗೆ ಸಾಮಾನ್ಯವಾಗಿ ಮೂರು ನಾರ್ಮ್ ಬೇಕು. ಒಂದು ನಾರ್ಮ್ ಎಂದರೆ ಒಂಬತ್ತು ಸುತ್ತಿನ ಟೂರ್ನಿಯೊಂದರಲ್ಲಿ 2600 ರೇಟಿಂಗ್‌ನವರಂತೆ ಆಡಿ ತೋರಿಸುವುದು. ಎದುರಾಳಿಗಳಲ್ಲಿ ಕನಿಷ್ಠ ಮೂವರು ಗ್ರ್ಯಾಂಡ್‌ಮಾಸ್ಟರ್‌ಗಳಿರಬೇಕು, ಹೊರದೇಶದವರೂ ಇರಬೇಕು. ಆದ್ದರಿಂದ ನಮ್ಮ ಆಟಗಾರರು ಸಾಲ ಸೋಲ ಮಾಡಿ ಯುರೋಪಿಗೆ ಹೋಗುತ್ತಾರೆ. ವೀಸಾ, ವಿಮಾನ, ಹೋಟೆಲು ಎಲ್ಲವೂ ಕೈಯಿಂದ. ಅರ್ಧ ಅಂಕ ಕಡಿಮೆಯಾದರೆ ನಾರ್ಮ್ ಇಲ್ಲ, ಮತ್ತೆ ಮೊದಲಿನಿಂದ. ಗುಕೇಶ್ ಅವರ ತಂದೆ ಮಗನೊಡನೆ ಊರೂರು ತಿರುಗಲು ತಮ್ಮ ವೈದ್ಯವೃತ್ತಿಯನ್ನೇ ಬದಿಗಿಟ್ಟರು. ಎಲ್ಲ ಮನೆಗಳಿಗೂ ಅದು ಸಾಧ್ಯವೇ? ದಸರಾ ಕ್ರೀಡಾಕೂಟಕ್ಕೆ ಸಜ್ಜಾಗುವ ನಮ್ಮ ಊರು ಅದೇ ಹೊತ್ತಿಗೆ ಹೊರದೇಶದ ಗ್ರ್ಯಾಂಡ್‌ಮಾಸ್ಟರ್‌ಗಳನ್ನು ಕರೆಸಿ ನಾರ್ಮ್ ಸಿಗುವಂಥ ಒಂದು ಟೂರ್ನಿಯನ್ನು ವರ್ಷಕ್ಕೊಮ್ಮೆ ನಡೆಸಲಿ. ಮೈಸೂರು, ಮಂಡ್ಯದ ಮಕ್ಕಳು ಬಸ್ಸಿನಲ್ಲಿ ಬಂದು ಆಡಿ ಸಂಜೆಗೆ ಮನೆ ಸೇರಬಹುದು. ಜಿಲ್ಲಾಡಳಿತದ ಗಮನಕ್ಕೆ ಇದನ್ನು ತರುವ ಬಲ ಪತ್ರಿಕೆಗಿದೆ.

ಚದುರಂಗ ಈ ಊರಿಗೆ ಹೊಸತೂ ಅಲ್ಲ. ಮುಮ್ಮಡಿ ಕೃಷ್ಣರಾಜ ಒಡೆಯರು 144 ಮನೆಗಳ ಹಾಸಿನಲ್ಲಿ ಕುದುರೆಯನ್ನು ಯಾವ ಮನೆಗೂ ಎರಡನೆಯ ಸಲ ಕಾಲಿಡದಂತೆ ನಡೆಸಿದವರು. ಆ ನಡೆಗಳಿಗೆ ಕ್ರಮವಾಗಿ ಸಂಖ್ಯೆ ಕೊಟ್ಟು ಕೂಡಿದರೆ ಪ್ರತಿ ಸಾಲಿನ ಮೊತ್ತವೂ 870. ಗಣಿತದಲ್ಲಿ ಹಿಂದುಳಿದ ಮಕ್ಕಳೂ ಈ ಲೆಕ್ಕಕ್ಕೆ ಕಣ್ಣರಳಿಸಿದ್ದನ್ನು ನಾನು ತರಗತಿಯಲ್ಲಿ ಕಂಡಿದ್ದೇನೆ.

ತಮ್ಮಲ್ಲಿ ನನ್ನ ಕೋರಿಕೆ ಇಷ್ಟು. ವಾರಕ್ಕೊಮ್ಮೆ, ಭಾನುವಾರದ ಪುಟದಲ್ಲಿ ಅಂಗೈಯಗಲ ಜಾಗ ಕೊಡಿ. ಅಲ್ಲಿ ಒಬ್ಬ ಗ್ರ್ಯಾಂಡ್‌ಮಾಸ್ಟರ್ ಆಡಿದ ಒಂದು ಆಟ, ಅದರ ಒಂದು ಘಟ್ಟದ ಚಿತ್ರ, ‘ಮುಂದಿನ ನಡೆ ಯಾವುದು?’ ಎಂಬ ಪ್ರಶ್ನೆ ಇರಲಿ. ಸೋತ ಆಟಗಳೂ ಬರಲಿ. ಆನೆ, ಒಂಟೆ, ಕುದುರೆ, ಮಂತ್ರಿ ಎಂದು ಆಡಿ ಬೆಳೆದ ಹಳ್ಳಿಯ ಮಗುವಿಗೂ ತಿಳಿಯುವಂತೆ ಕನ್ನಡದಲ್ಲೇ ಇರಲಿ. ಚೆಸ್ ಪುಸ್ತಕಗಳೆಲ್ಲ ಇಂಗ್ಲಿಷಿನಲ್ಲಿವೆ ಎಂದು ಹಿಂಜರಿಯುವ ಮಕ್ಕಳನ್ನು ನಾನು ಬಲ್ಲೆ. ಬರೆಯುವವರು ಸಿಗದಿದ್ದರೆ ನಾನೇ ಸಂಭಾವನೆ ಇಲ್ಲದೆ ಬರೆದುಕೊಡುತ್ತೇನೆ. ಮೊದಲ ವಾರಕ್ಕೆ ಸಿಂಗಪುರದ ಆ ಹದಿನಾಲ್ಕನೆಯ ಆಟದ ಚಿತ್ರವನ್ನು ಮೊಮ್ಮಗಳು ಆಗಲೇ ಬರೆದಿಟ್ಟಿದ್ದಾಳೆ.

ಇಂತಿ,
ನಿವೃತ್ತ ಗಣಿತ ಶಿಕ್ಷಕಿ,
ಸರಸ್ವತಿಪುರಂ, ಮೈಸೂರು