ಮಗಳಿಗೊಂದು ಪತ್ರ: ಅಲ್ ಬಿರೂನಿಯನ್ನು ಓದಲು ಹೊರಟವಳಿಗೆ

ಪ್ರೀತಿಯ ಮಗಳೇ,

ಎಂ.ಎ. ಪ್ರಬಂಧಕ್ಕೆ ಸಾವಿರ ವರ್ಷದ ಹಿಂದಿನ ಗಣಿತಜ್ಞ, ಖಗೋಳಜ್ಞ ಅಲ್ ಬಿರೂನಿಯನ್ನು ಆರಿಸಿಕೊಂಡೆಯಲ್ಲ, ತುಂಬಾ ಸಂತೋಷವಾಯಿತು. ‘ನಾನು ಇತಿಹಾಸದವಳು, ಅವನು ಭಾರತದ ಬಗ್ಗೆ ಬರೆದದ್ದನ್ನಷ್ಟೇ ಓದಿದರೆ ಸಾಲದೇ ಅಮ್ಮಾ?’ ಎಂದು ಕೇಳಿದ್ದೀಯ. ಸಾಲದು. ಗಣಿತವನ್ನು ಪಕ್ಕಕ್ಕಿಟ್ಟರೆ ಅವನ ಭಾರತವೂ ನಿನಗೆ ಅರ್ಧವೇ ಸಿಗುತ್ತದೆ.

ಅವನು ಹುಟ್ಟಿದ್ದು 973ರಲ್ಲಿ, ಖ್ವಾರಿಜ್ಮ್ ನಾಡಿನಲ್ಲಿ, ಅಂದರೆ ಈಗಿನ ಉಜ್ಬೇಕಿಸ್ತಾನದ ಕಡೆ. ಮನೆಮಾತು ಖ್ವಾರಿಜ್ಮಿ, ಬರೆದದ್ದು ಬಹುಪಾಲು ಅರಬ್ಬಿಯಲ್ಲಿ. ಘಜ್ನಿಯ ಮಹಮೂದ 1017ರಲ್ಲಿ ಆ ನಾಡನ್ನು ಗೆದ್ದ ಮೇಲೆ ಬಿರೂನಿ ಈಗ ಅಫ್ಘಾನಿಸ್ತಾನದಲ್ಲಿರುವ ಘಜ್ನಿಗೆ ಹೋಗಬೇಕಾಯಿತು. ಸಂಸ್ಕೃತ ಕಲಿತದ್ದು ಆಮೇಲೆ, ನಲವತ್ತು ದಾಟಿದ ವಯಸ್ಸಿನಲ್ಲಿ.

ಮೊದಲು ಭಾರತದ ಪುಸ್ತಕಕ್ಕೆ ಕೈ ಹಾಕಬೇಡ. 1025ರಲ್ಲಿ ಮುಗಿಸಿದ ‘ತಹದೀದ್’ನಿಂದ ಶುರು ಮಾಡು. ಊರುಗಳ ಅಕ್ಷಾಂಶ, ರೇಖಾಂಶ ಕಂಡುಹಿಡಿಯುವ ಪುಸ್ತಕ ಅದು. ಘಜ್ನಿಯಲ್ಲಿ ನಮಾಜಿಗೆ ನಿಂತವರು ಯಾವ ದಿಕ್ಕಿಗೆ ಮುಖ ಮಾಡಬೇಕು ಎಂಬ ಪ್ರಶ್ನೆ ಅದರೊಳಗಿದೆ. ಉತ್ತರಕ್ಕೆ ಮೆಕ್ಕಾದ್ದೂ ಘಜ್ನಿಯದ್ದೂ ಅಕ್ಷಾಂಶ ಬೇಕು, ಎರಡರ ನಡುವಿನ ರೇಖಾಂಶದ ಅಂತರ ಬೇಕು, ಮೇಲೆ ಗೋಳದ ತ್ರಿಕೋನಮಿತಿ ಬೇಕು. ಧರ್ಮ, ಭೂಗೋಳ, ಗಣಿತ ಮೂರೂ ಒಂದೇ ಲೆಕ್ಕದೊಳಗೆ ಬಂದು ಕೂತಿವೆ. ಆ ಸಮಾಜದಲ್ಲಿ ವಿದ್ಯೆಗಳು ಹೇಗೆ ಬೆರೆತವು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಪುರಾವೆ ನಿನಗೆ ಬೇಕಿಲ್ಲ.

ಅಕ್ಷಾಂಶ ಸುಲಭ, ಮಧ್ಯಾಹ್ನದ ಸೂರ್ಯನ ಎತ್ತರ ಅಳೆದರಾಯಿತು. ಕಷ್ಟವೆಲ್ಲ ರೇಖಾಂಶದ್ದು. 997ರ ಚಂದ್ರಗ್ರಹಣವನ್ನು ಅವನು ಖ್ವಾರಿಜ್ಮಿನ ಕಾಥ್ ಪಟ್ಟಣದಲ್ಲಿ, ಖಗೋಳಜ್ಞ ಅಬುಲ್ ವಫಾ ಬಾಗ್ದಾದಿನಲ್ಲಿ ಮೊದಲೇ ಮಾತಾಡಿಕೊಂಡು ನೋಡಿದರು. ಗ್ರಹಣ ಎರಡೂ ಕಡೆ ಒಂದೇ ಗಳಿಗೆಗೆ ನಡೆಯುತ್ತದೆ, ಸ್ಥಳೀಯ ಸಮಯ ಮಾತ್ರ ಬೇರೆ. ಆ ವ್ಯತ್ಯಾಸ ಸುಮಾರು ಒಂದು ಗಂಟೆ ಬಂತು. ಗಂಟೆಗೆ 15 ಡಿಗ್ರಿ. ಆದರೆ ಭೂಮಿಯ ನೆರಳಿನ ಅಂಚು ಮಸುಕು. ಗ್ರಹಣ ಹಿಡಿದದ್ದು ಯಾವಾಗ ಎಂದು ಹೇಳುವುದರಲ್ಲಿ ನಾಲ್ಕು ನಿಮಿಷ ಹೆಚ್ಚುಕಡಿಮೆಯಾದರೆ ರೇಖಾಂಶ ಒಂದು ಡಿಗ್ರಿ ತಪ್ಪುತ್ತದೆ.

ಇನ್ನು ಭೂಮಿಯ ಅಳತೆ. ಇದನ್ನು ನೀನೇ ಕಾಗದ ಪೆನ್ನು ಹಿಡಿದು ಮಾಡಲೇಬೇಕು. ಖಲೀಫ ಮಾಮೂನನ ಕಾಲದಲ್ಲಿ ಖಗೋಳಜ್ಞರು ಈಗಿನ ಇರಾಕಿನ ಸಿಂಜಾರ್ ಬಯಲಿನಲ್ಲಿ ಆಕಾಶದ ಉತ್ತರ ಧ್ರುವದ ಎತ್ತರ ಒಂದು ಡಿಗ್ರಿ ಬದಲಾಗುವ ತನಕ ನಡೆದು ದೂರ ಅಳೆದಿದ್ದರು. ಮರುಭೂಮಿಯಲ್ಲಿ ನಡೆಯದೆಯೇ ಅಳೆಯುವ ದಾರಿ ಬಿರೂನಿಯದು. ಈಗ ಪಾಕಿಸ್ತಾನದಲ್ಲಿರುವ ನಂದನ ಕೋಟೆಯ ಹತ್ತಿರ, ವಿಶಾಲ ಬಯಲಿಗೆ ಮುಖ ಮಾಡಿದ ಗುಡ್ಡವೊಂದು ಸಿಕ್ಕಿತು. ಮೊದಲು ಬಯಲಿನಿಂದ ಕೋನ ಅಳೆದು ಗುಡ್ಡದ ಎತ್ತರ ತೆಗೆದ: 652 ಮೊಳಕ್ಕೆ ಚೂರು ಹೆಚ್ಚು. ಆಮೇಲೆ ನೆತ್ತಿ ಹತ್ತಿ, ಕಣ್ಣಿನ ಮಟ್ಟಕ್ಕಿಂತ ದಿಗಂತ ಎಷ್ಟು ಕೆಳಗೆ ಕಾಣುತ್ತದೆ ಎಂದು ನೋಡಿದ: ಕೋನದ 34 ನಿಮಿಷ (ಡಿಗ್ರಿಗೆ 60 ನಿಮಿಷ), ಅಂದರೆ ಅರ್ಧ ಡಿಗ್ರಿಗಿಂತ ಸ್ವಲ್ಪವೇ ಜಾಸ್ತಿ.

ಲೆಕ್ಕ ಇಷ್ಟೇ. ಎತ್ತರವನ್ನು ಆ ಕೋನದ ಕೊಸೈನ್‌ನಿಂದ ಗುಣಿಸು. ಒಂದರಲ್ಲಿ ಅದೇ ಕೊಸೈನ್ ಕಳೆದು, ಉಳಿದದ್ದರಿಂದ ಭಾಗಿಸು. ಬಂದದ್ದು ಭೂಮಿಯ ತ್ರಿಜ್ಯ. ಅವನಿಗೆ ಸುಮಾರು 1 ಕೋಟಿ 28 ಲಕ್ಷ ಮೊಳ ಬಂತು. ನಿನ್ನ ಕ್ಯಾಲ್ಕುಲೇಟರ್‌ನಲ್ಲಿ ಅವೇ ಅಂಕಿ ಹಾಕಿದರೆ 1 ಕೋಟಿ 33 ಲಕ್ಷ ಬರುತ್ತದೆ. ಗಾಬರಿಯಾಗಬೇಡ. ಭಾಗಿಸುವ ಸಂಖ್ಯೆ 0.0000489, ತೀರಾ ಚಿಕ್ಕದು. ಕೊಸೈನ್‌ನ ಆರನೇ ದಶಮಾಂಶದಲ್ಲಿ ಒಂದೆರಡು ಅಂಕಿ ಆಚೀಚೆ ಆದರೂ ಉತ್ತರ ಲಕ್ಷಗಟ್ಟಲೆ ಮೊಳ ಜಾರುತ್ತದೆ.

ಕೋನವನ್ನು 33 ಮತ್ತು 35 ನಿಮಿಷ ಮಾಡಿಯೂ ನೋಡು: 1 ಕೋಟಿ 41 ಲಕ್ಷದ ಮೇಲೆ, 1 ಕೋಟಿ 26 ಲಕ್ಷದ ಹತ್ತಿರ. ಕೋನದಲ್ಲಿ ಶೇಕಡಾ 3 ತಪ್ಪಿದರೆ ತ್ರಿಜ್ಯದಲ್ಲಿ ಶೇಕಡಾ 6 ತಪ್ಪುತ್ತದೆ. ಸಾಲದ್ದಕ್ಕೆ ಗಾಳಿ ಬೆಳಕನ್ನು ಬಾಗಿಸಿ ದಿಗಂತವನ್ನು ಮೇಲೆತ್ತಿ ತೋರಿಸುತ್ತದೆ. ಅಷ್ಟು ಎತ್ತರದಲ್ಲಿ ಅದೊಂದೇ ಎರಡು ಮೂರು ನಿಮಿಷದ ವ್ಯತ್ಯಾಸ ತರಬಲ್ಲದು. ಹಾಗಾಗಿ ‘ಇಂದಿನ ಅಳತೆಗೆ ಶೇಕಡಾ ಇಷ್ಟೇ ದೂರ’ ಎಂದು ಎಲ್ಲೆಲ್ಲೂ ಓದುತ್ತೀಯಲ್ಲ, ಅದನ್ನು ಪ್ರಬಂಧದಲ್ಲಿ ಬರೆಯಬೇಡ. ಅವನ ಒಂದು ಮೊಳಕ್ಕೆ ಎಷ್ಟು ಸೆಂಟಿಮೀಟರ್ ಎಂದು ಹಿಡಿಯುತ್ತೀಯೋ ಅದರ ಮೇಲೆ ಆ ಶೇಕಡಾ ನಿಂತಿದೆ. ದೊಡ್ಡದು ಅವನ ಉಪಾಯ. ಅದನ್ನು ಹೊಗಳು, ಮನಸ್ಸು ಬಿಚ್ಚಿ ಹೊಗಳು.

ಇದಾದ ಮೇಲೆ, ಸುಮಾರು 1030ರಲ್ಲಿ ಭಾರತದ ಬಗ್ಗೆ ಬರೆದ ‘ಕಿತಾಬ್ ಅಲ್ ಹಿಂದ್’ ತೆಗೆ. ಎಂಬತ್ತು ಅಧ್ಯಾಯ. ನೇರವಾಗಿ ಗ್ರಹಣದ ಅಧ್ಯಾಯಕ್ಕೆ ಹೋಗು. ಗಣಿತಜ್ಞ ಬ್ರಹ್ಮಗುಪ್ತ ರಾಹುವಿನ ಕಥೆಯ ಪಕ್ಷ ವಹಿಸಿ, ಗ್ರಹಣಕ್ಕೆ ನೆರಳೇ ಕಾರಣವೆಂದ ಆರ್ಯಭಟ ಮುಂತಾದವರನ್ನು ಬೈಯುತ್ತಾನೆ, ಅದೇ ಗ್ರಂಥದಲ್ಲಿ ಭೂಮಿಯ ನೆರಳಿನ ವ್ಯಾಸವನ್ನೂ ಲೆಕ್ಕ ಹಾಕುತ್ತಾನೆ. ಈ ವಿರೋಧ ಬಿರೂನಿಯ ಕಣ್ಣಿಗೆ ಬಿದ್ದದ್ದು ಅವನಿಗೂ ಗ್ರಹಣದ ಲೆಕ್ಕ ಗೊತ್ತಿದ್ದದ್ದರಿಂದ. ಗದರುತ್ತಾನೆ ನಿಜ, ಆದರೆ ಸಾಕ್ರಟೀಸನಿಗಾದ ಮರಣದಂಡನೆಯ ಗತಿ ತನಗೂ ಬಂದೀತೆಂದು ಬ್ರಹ್ಮಗುಪ್ತ ಹಾಗೆ ಬರೆದಿರಬಹುದೇ ಎಂದೂ ಯೋಚಿಸುತ್ತಾನೆ. ಒಂದೇ ಪುಟದಲ್ಲಿ ಸಂಸ್ಕೃತ, ಗ್ರೀಕ್ ಇತಿಹಾಸ, ಖಗೋಳ. ಇತಿಹಾಸವನ್ನಷ್ಟೇ ಓದಿದವರು ಇದನ್ನು ಪರಧರ್ಮದವನ ಟೀಕೆ ಎಂದು ಬರೆದು ಮುಂದೆ ಹೋಗುತ್ತಾರೆ. ನನಗೆ ನಿಜಕ್ಕೂ ಬೇಸರವಾಗುವುದು ಅಲ್ಲೇ. ಅವನು ಮಾತಾಡುತ್ತಿರುವುದು ಸಹೋದ್ಯೋಗಿಯೊಬ್ಬನ ಜೊತೆ.

ಅವನ ಮಿತಿಗಳನ್ನೂ ಗುರುತಿಸು. ಸಂಸ್ಕೃತದ ಕೆಲವು ಧ್ವನಿಗಳಿಗೆ ಅರಬ್ಬಿ ಲಿಪಿಯಲ್ಲಿ ಅಕ್ಷರವಿಲ್ಲ, ನಕಲುಗಾರರು ಅಜಾಗರೂಕರು ಎಂದು ಅವನೇ ಗೊಣಗುತ್ತಾನೆ. ಅವನ ಗ್ರಂಥಗಳಿಗೂ ಅದೇ ಆಗಿದೆ. ಅರಬ್ಬಿಯಲ್ಲಿ ಚುಕ್ಕಿಯೊಂದು ಬಿದ್ದರೆ ಹೆಸರೇ ಬದಲಾಗುತ್ತದೆ. ಹೆಸರೋ ಅಂಕಿಯೋ ಅನುಮಾನ ಹುಟ್ಟಿಸಿದರೆ ಜರ್ಮನ್ ವಿದ್ವಾಂಸ ಸಖಾವ್ 1887ರಲ್ಲಿ ಅಚ್ಚು ಹಾಕಿಸಿದ ಅರಬ್ಬಿ ಮೂಲ ನೋಡು, ಇಂಗ್ಲಿಷ್ ಅನುವಾದವನ್ನೇ ನೆಚ್ಚಿಕೊಳ್ಳಬೇಡ.

ಲಿಪಿಗಳ ಅಧ್ಯಾಯದಲ್ಲಿ ನಮ್ಮವರೂ ಇದ್ದಾರೆ. ಕರ್ಣಾಟ ದೇಶದಲ್ಲಿ ಕರ್ಣಾಟ ಲಿಪಿ ಬಳಕೆಯಲ್ಲಿದೆ, ಸೈನ್ಯಗಳಲ್ಲಿ ಕನ್ನರ ಎಂದು ಕರೆಸಿಕೊಳ್ಳುವ ಪಡೆಗಳು ಬರುವುದು ಅಲ್ಲಿಂದಲೇ ಎನ್ನುತ್ತಾನೆ. ಒಂದೇ ವಾಕ್ಯ. ಅವನು ಕರ್ಣಾಟಕ್ಕೆ ಬಂದಿದ್ದ ಎಂದು ಅದರಿಂದ ಎಳೆಯಬೇಡ. ಉತ್ತರದ ಸೈನ್ಯಗಳಲ್ಲಿದ್ದ ಕನ್ನಡಿಗರ ಬಗ್ಗೆ ಶಾಸನಗಳು ಏನು ಹೇಳುತ್ತವೆ ಎಂದು ಪಕ್ಕದಲ್ಲಿಟ್ಟು ಹೋಲಿಸಿದರೆ ಒಂದು ಒಳ್ಳೆಯ ಅಧ್ಯಾಯವಾಗುತ್ತದೆ. ನಿಮ್ಮ ಗೈಡ್ ಒಪ್ಪಿದರೆ ಬೇಗ ತಿಳಿಸು, ಶಾಸನ ಸಂಪುಟಗಳನ್ನು ಹುಡುಕಿಡುತ್ತೇನೆ.

ಪ್ರೀತಿಯಿಂದ,
ಅಮ್ಮ