ಇಜೆನ್‌ನಲ್ಲಿ ಗಂಧಕ ಹೊರುವವರು

ಬಾನ್ಯುವಾಂಗಿ, ಪೂರ್ವ ಜಾವಾ

ಅಪ್ಪ, ಅಮ್ಮನಿಗೆ ನಮಸ್ಕಾರಗಳು.

ಇಜೆನ್ ಜ್ವಾಲಾಮುಖಿಯೊಳಗೆ ಗಂಧಕ ತೆಗೆಯುವುದು ಹೇಗೆಂದು ಅಪ್ಪ ಕೇಳಿದ್ದರು. ಫೋನಿನಲ್ಲಿ ಮುಗಿಯುವ ಮಾತಲ್ಲ, ಅದಕ್ಕೇ ಈ ಕಾಗದ.

ಇನ್ನೂ ಕತ್ತಲಿರುವಾಗಲೇ ಆಳುಗಳು ಹತ್ತುವ ದಾರಿ ಶುರುವಾಗುವ ಪಾಲ್ಟುಡಿಂಗ್‌ನಿಂದ ಹೊರಡುತ್ತಾರೆ. ಜ್ವಾಲಾಮುಖಿಯ ಬಾಯಿಯ ಅಂಚಿಗೆ 3 ಕಿ.ಮೀ. ಏರು, ಆಮೇಲೆ ಬಾಯೊಳಗೆ ಇಳಿಯುವ ಕಡಿದಾದ ಕಲ್ಲುದಾರಿ. ತಳದಲ್ಲಿರುವ ಕೆರೆಯ ನೀರಿನ ಪಿಎಚ್ 0.5ಕ್ಕೂ ಕೆಳಗೆ, ಅಂದರೆ ತೀರಾ ಕಟುವಾದ ಆಮ್ಲ.

ದಂಡೆಯಲ್ಲಿ ಹಬೆ ಉಗುಳುವ ಬಿರುಕುಗಳಿಗೆ ಉದ್ದನೆಯ ಕೊಳವೆ ಜೋಡಿಸಿದ್ದಾರೆ. ಅನಿಲ ಅದರೊಳಗೆ ತಣಿಯುತ್ತ ಬಂದು, ಕೆಳತುದಿಯಲ್ಲಿ ದ್ರವ ಗಂಧಕವಾಗಿ ಸುರಿಯುತ್ತದೆ. ಬಿಸಿಯಿದ್ದಾಗ ಕೆಂಪು, ಗಟ್ಟಿಯಾದರೆ ಹಳದಿ. ಕಾವು ಹದ ಮೀರಿದರೆ ಗಂಧಕ ಹೊತ್ತಿಕೊಳ್ಳುತ್ತದೆ. ಮಾಲೂ ಹೋಗುತ್ತದೆ, ಉಸಿರುಗಟ್ಟಿಸುವ ಸಲ್ಫರ್ ಡೈಆಕ್ಸೈಡೂ ಹೆಚ್ಚುತ್ತದೆ. ಅದಕ್ಕೇ ಕೊಳವೆಗೆ ನೀರು ಹಾಕಿ ತಣಿಸುತ್ತಿರಬೇಕು. ಪ್ರವಾಸಿಗರು ರಾತ್ರಿ ನೋಡಲು ಬರುವ ನೀಲಿ ಬೆಂಕಿ, ಬಿರುಕಿನಿಂದ ಬಂದ ಗಂಧಕದ ಅನಿಲ ಗಾಳಿ ತಾಗಿ ಉರಿಯುವುದೇ.

ಗಟ್ಟಿಯಾದುದನ್ನು ಹಾರೆಯಿಂದ ಒಡೆದು ಎರಡು ಬಿದಿರು ಬುಟ್ಟಿಗೆ ತುಂಬಿ, ಅಡ್ಡೆ ಕಟ್ಟಿ ಹೊರುತ್ತಾರೆ. ಒಂದು ಹೊರೆ 70ರಿಂದ 90 ಕಿಲೊ, ಹೊರುವ ಅನೇಕರ ಮೈತೂಕಕ್ಕಿಂತ ಹೆಚ್ಚು. ದಿನಕ್ಕೆ ಎರಡು ಸಲ ಹೋಗುವವರಿದ್ದಾರೆ. ಕೂಲಿ ಕಿಲೊ ಲೆಕ್ಕದಲ್ಲಿ. ಹಾಗಾಗಿ ಮೈ ಬೇಡವೆಂದರೂ ಬುಟ್ಟಿಗೆ ಇನ್ನೊಂದು ತುಂಡು ಬೀಳುತ್ತದೆ. ಹೆಗಲ ಮೇಲೆ ಗಂಟು ಕಟ್ಟುತ್ತದೆ, ಮಂಡಿ ಬೇಗ ಸವೆಯುತ್ತದೆ. ಈಚೆಗೆ ಅಂಚಿನಿಂದ ಕೆಳಕ್ಕೆ ಸಾಗಿಸಲು ತಳ್ಳುಗಾಡಿ ಬಂದಿವೆ. ಬಾಯೊಳಗಿನ ಏರಿಗೆ ಮಾತ್ರ ಇಂದಿಗೂ ಹೆಗಲೇ ಗತಿ.

ಭಾರಕ್ಕಿಂತ ನನಗೆ ಹೆಚ್ಚು ಭಯವಾಗುವುದು ಗಾಳಿ ದಿಕ್ಕು ಬದಲಿಸಿದಾಗ. ಹೊಗೆ ಮುಚ್ಚಿಕೊಂಡರೆ ಕಣ್ಣು ಬಿಡಲಾಗದು. ಬಹಳ ಜನ ಒದ್ದೆ ಬಟ್ಟೆ ಕಚ್ಚಿಕೊಂಡು ಉಸಿರಾಡುತ್ತಾರೆ. ಅನಿಲ ಆ ನೀರಿನಲ್ಲೇ ಕರಗಿ ಆಮ್ಲವಾಗುತ್ತದೆ, ಕಾಲಕ್ರಮದಲ್ಲಿ ಹಲ್ಲು ತಿನ್ನುತ್ತದೆ. ಧೂಳಿನ ಮಾಸ್ಕ್ ಇಲ್ಲಿ ಉಪಯೋಗವಿಲ್ಲ. ಆಮ್ಲ ಅನಿಲ ಹೀರುವ ಫಿಲ್ಟರೇ ಬೇಕು, ಅದನ್ನು ಆಗಾಗ ಬದಲಿಸಲೂ ಬೇಕು. ಕಿಲೊ ಲೆಕ್ಕದ ಕೂಲಿಯವನು ಅದನ್ನು ಎಷ್ಟು ಸಲ ಕೊಂಡಾನು? 2018ರ ಮಾರ್ಚ್‌ನಲ್ಲಿ ಇಲ್ಲಿ ವಿಷಾನಿಲ ಉಕ್ಕಿದಾಗ ಕೆಳಗಿನ ಊರಿನವರೇ ಆಸ್ಪತ್ರೆ ಸೇರಿದ್ದರು.

ಕಬ್ಬಿನ ರಸ ಬಿಳುಪಾಗಲು ಮಂಡ್ಯದ ಕಡೆ ಗಂಧಕ ಸುಟ್ಟು ಆ ಅನಿಲ ಹಾಯಿಸುತ್ತಾರಲ್ಲ ಅಪ್ಪ, ಇಲ್ಲಿಯ ಗಂಧಕವೂ ಸಕ್ಕರೆ ಕಾರ್ಖಾನೆಗಳಿಗೆ ಹೋಗುತ್ತದೆ.

ತಮ್ಮ ಇಲ್ಲಿಗೆ ಬರುವುದಾದರೆ ಹೇಳಿ: ಹೊರೆ ಹೊತ್ತವರು ಎದುರಾದರೆ ಪಕ್ಕಕ್ಕೆ ಸರಿಯಬೇಕು, ಫೋಟೊಗೆಂದು ಅವರನ್ನು ನಿಲ್ಲಿಸಬಾರದು. ಇಕ್ಕಟ್ಟು ದಾರಿಯಲ್ಲಿ ಅಡ್ಡೆ ಇಳಿಸಿ ಮತ್ತೆ ಹೆಗಲಿಗೇರಿಸುವುದು ಹತ್ತುವುದಕ್ಕಿಂತ ಕಷ್ಟ.

ನಿಮ್ಮ ಮಗ