ಪೆಟ್ರೋಲ್ ಬಂಕಿನಲ್ಲಿ ಹಿಮ ಬೀಳುವ ರಾತ್ರಿ

ಪ್ರೀತಿಯ ತಂಗಿಗೆ,

ನಿನ್ನ ಕಥೆಯನ್ನು ಎರಡು ಸಲ ಓದಿದೆ. ಬೇಸರ ಮಾಡಿಕೊಳ್ಳಬೇಡ, ಕೊನೆಯ ನಾಲ್ಕು ಪುಟ ನಿನ್ನ ನಾಯಕಿ ಅಳುತ್ತಲೇ ಇದ್ದಾಳೆ. ಓದುವವರ ಪಾಲಿಗೆ ಅಳು ಉಳಿದೇ ಇಲ್ಲ.

ಫ್ರಾನ್ಸಿನ ಜಾಕ್ ಡೆಮಿ 1964ರಲ್ಲಿ ಮಾಡಿದ ‘ಅಂಬ್ರೆಲ್ಲಾಸ್ ಆಫ್ ಶೆರ್ಬೂರ್’ ಸಿನಿಮಾ ನೋಡು. ಆ ವರ್ಷ ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಅದಕ್ಕೇ ಬಂತು. ಮಿಶೆಲ್ ಲೆಗ್ರಾಂ ಸಂಗೀತ. ಪ್ರತಿಯೊಂದು ಮಾತನ್ನೂ ಹಾಡಿಯೇ ಹೇಳುತ್ತಾರೆ. ಹಾಡುವುದೇನು ಕವಿತೆಯಲ್ಲ. ಕಾರು ರೆಡಿಯಾಯಿತಾ ಎಂದು ಗಿರಾಕಿ ಕೇಳುತ್ತಾನೆ. ಆಯಿತು, ತಣ್ಣಗಿದ್ದಾಗ ಎಂಜಿನ್ ಸ್ವಲ್ಪ ಸದ್ದು ಮಾಡುತ್ತೆ, ಅದು ಮಾಮೂಲು ಅನ್ನುತ್ತಾನೆ ಮೆಕ್ಯಾನಿಕ್ ಗೀ. ಸಿನಿಮಾ ಶುರುವಾಗುವುದೇ ಹೀಗೆ!

ಕಥೆ ದೊಡ್ಡದೇನಲ್ಲ. ಕೊಡೆ ಅಂಗಡಿಯ ಹುಡುಗಿ ಜೆನೆವೀವ್‌ಗೆ ಗೀ ಮೇಲೆ ಪ್ರೀತಿ. ಅವನನ್ನು ಸೈನ್ಯಕ್ಕೆ ಸೇರಿಸಿ ಅಲ್ಜೀರಿಯಾ ಯುದ್ಧಕ್ಕೆ ಕಳಿಸುತ್ತಾರೆ. ಅವಳು ಬಸುರಿ, ಕಾಗದ ಬರುವುದು ಅಪರೂಪ, ಅಮ್ಮನ ಅಂಗಡಿಗೆ ಸಾಲ. ಎಲ್ಲ ಗೊತ್ತಿದ್ದೂ ವಜ್ರದ ವ್ಯಾಪಾರಿಯೊಬ್ಬ ಮದುವೆಯಾಗುತ್ತಾನೆ. ಇಲ್ಲಿ ಕೆಟ್ಟವರೇ ಇಲ್ಲ. ನಿನ್ನ ಕಥೆಯ ತಾಯಿಯನ್ನು ಮಾತ್ರ ನೀನು ರಾಕ್ಷಸಿ ಮಾಡಿಬಿಟ್ಟಿದ್ದೀಯ. ಅವಳ ಸಾಲವನ್ನೂ ಒಮ್ಮೆ ಲೆಕ್ಕ ಹಾಕು.

ಅಳು ಬೇಡವೆಂದು ಹೇಳುತ್ತಿಲ್ಲ. ಗೀ ಹೊರಡುವ ಮುಂಚೆ, ನೀನಿಲ್ಲದೆ ಬದುಕಲಾರೆ ಎಂದು ಜೆನೆವೀವ್ ಹಾಡುತ್ತಾಳೆ, ಅಳುತ್ತಾಳೆ. ಆ ಧಾಟಿಯನ್ನು ನೆನಪಿಟ್ಟುಕೋ. 1963ರ ಡಿಸೆಂಬರ್, ಹಿಮ ಬೀಳುವ ರಾತ್ರಿ, ಗೀಯ ಪೆಟ್ರೋಲ್ ಬಂಕಿಗೆ ಅವಳ ಕಾರು ಬರುತ್ತದೆ. ಒಳಗೆ ಅವನದೇ ಮಗಳು. ಸೂಪರ್ ಹಾಕಲೋ ಮಾಮೂಲಿಯೋ ಎಂದು ಬಂಕಿನ ಹುಡುಗ ಕೇಳುತ್ತಾನೆ. ಮಗುವನ್ನು ನೋಡುತ್ತೀಯಾ ಎಂದು ಜೆನೆವೀವ್ ಕೇಳಿದರೆ ಗೀ ತಲೆಯಾಡಿಸಿ ಬೇಡವೆನ್ನುತ್ತಾನೆ. ಚೆನ್ನಾಗಿದ್ದೀಯಾ? ಹೂಂ, ಚೆನ್ನಾಗಿದ್ದೀನಿ. ಅಷ್ಟೇ. ಹಿನ್ನೆಲೆಯಲ್ಲಿ ಮಾತ್ರ ಅದೇ ಹಳೆಯ ಧಾಟಿ ಏರುತ್ತದೆ. ಎಷ್ಟು ಸಲ ನೋಡಿದರೂ ಅಲ್ಲಿ ನನ್ನ ಗಂಟಲು ಕಟ್ಟುತ್ತದೆ.

ನಿನ್ನ ಕಥೆಗೂ ಅಂಥ ಧಾಟಿಯೊಂದು ಇದೆ, ನೀನೇ ಮರೆತಿದ್ದೀಯ. ಎರಡನೇ ಪುಟದಲ್ಲಿ ಕಂಡಕ್ಟರ್ ನಾಯಕ ನಾಯಕಿ ಇಬ್ಬರಿಗೂ ಸೇರಿಸಿ ಒಂದೇ ನೋಟು ಕೊಟ್ಟು, “ಚಿಲ್ಲರೆ ಇಲ್ಲ, ಇಳಿದ ಮೇಲೆ ಹಂಚ್ಕೊಳ್ಳಿ” ಅನ್ನುತ್ತಾನಲ್ಲ, ಅವರ ಪರಿಚಯವಾದದ್ದೇ ಅಲ್ಲಿ. ಆ ನಾಲ್ಕು ಪುಟ ಹರಿದುಹಾಕು. ವರ್ಷಗಳಾದ ಮೇಲೆ ಇಬ್ಬರೂ ಒಂದೇ ಬಸ್ಸಿನಲ್ಲಿ ಎದುರಾಗಲಿ, ಕಂಡಕ್ಟರ್ ಬರಲಿ. ಈ ಸಲ ಅವನ ಹತ್ತಿರ ಚಿಲ್ಲರೆ ಇರಲಿ.

ತಿದ್ದಿದ ಪ್ರತಿಯನ್ನು ಯುಗಾದಿಯೊಳಗೆ ಕಳಿಸು, ಕಾಯುತ್ತಿರುತ್ತೇನೆ.

ನಿನ್ನ ಅಕ್ಕ